ಸಿನಿಮ್ಯಾಟೋಗ್ರಾಫರ್ ಆಗ್ತೀನಿ ಅಂತಾನ ಮಗ, ಹಂಗಂದ್ರ ಏನ್ ಕೆಲಸರಿ ಅದು?

ಪಿಯುಸಿ ರಿಸಲ್ಟ್ ಬಂದ ಮ್ಯಾಲ ನಮ್ಮ ಹುಬ್ಬಳ್ಳಿ-ಧಾರವಾಡದ ಮನಿಗಳೊಳಗ ಮೊದ್ಲೆಲ್ಲಾ ಎಂಜಿನಿಯರಿಂಗ್, ಮೆಡಿಕಲ್, ಭಾಳಾದ್ರ ಅಗ್ರಿ ಬಿಎಸ್ಸಿ, ಇಷ್ಟರಾಗ ಮಾತು ಮುಗೀತಿತ್ತು. ಈಗ ನಡುವ ಹೊಸಾದೊಂದು ಬಂದೈತಿ, "ಅಪ್ಪಾ, ನಾ ಸಿನಿಮ್ಯಾಟೋಗ್ರಫಿ ಕಲೀತೀನಿ" ಅನ್ನೋದು. ಅಪ್ಪಗ ತಲಿ ಗಿರ್ ಅಂತೈತಿ, ಯಾಕಂದ್ರ ಅವ್ರಿಗೆ ಗೊತ್ತಿರೋ ಕ್ಯಾಮೆರಾದಾಂವ ಅಂದ್ರ ಲಗ್ನದಾಗ ಹೆಗಲ ಮ್ಯಾಲ ವಿಡಿಯೋ ಹೊತ್ಕೊಂಡು, ವಾಯರ್ ಹಿಡದ ಹುಡುಗನ್ನ ಹಿಂದ ಕರ್ಕೊಂಡು, ಊಟದ ಪಂಕ್ತಿಗೂ ಬಂದು ಮಾರಿ ಮ್ಯಾಲ ಲೈಟ್ ಬಿಡ್ತಿದ್ನಲ್ಲ, ಆ ಮನಷ್ಯಾ. ಮಗ ಹೇಳೋದು ಅದಲ್ಲ. ಅವ ನೋಡಿದ್ದು ಕೆಜಿಎಫ್, ಕಾಂತಾರದಂಥಾ ಪಿಚ್ಚರ್, ಆಮ್ಯಾಲ ತನ್ನ ಓಣ್ಯಾಗಿನ ದೋಸ್ತರು ನಮ್ಮ ಭಾಷಾದಾಗ ಮಾಡಿ ಯೂಟ್ಯೂಬಿಗೆ ಬಿಟ್ಟ ಶಾರ್ಟ್ ಫಿಲ್ಮು. ಈಗಂತೂ ಲಗ್ನದ ಸ್ಟುಡಿಯೋದವರ ಬೋರ್ಡಿನ್ಯಾಗೂ "ಸಿನಿಮ್ಯಾಟಿಕ್ ವಿಡಿಯೋ" ಅಂತ ಬರದಿರ್ತೈತಿ.

ಅದಕ್ಕ ಈ ಕೆಲಸ ಏನು, ಹೆಂಗ ನಡೀತೈತಿ, ಅದ್ರಾಗ ಹೊಟ್ಟಿ ತುಂಬತೈತೋ ಇಲ್ಲೋ ಅನ್ನೋದನ್ನ ಅಪ್ಪಗೂ ತಿಳಿಯಂಗ, ಮಗಗೂ ತಿಳಿಯಂಗ ಬರದೀನಿ. ಸ್ವಲ್ಪ ಉದ್ದ ಐತಿ, ಚಾ ಇಟ್ಕೊಂಡು ಓದ್ರಿ.

ಈ ಮನಷ್ಯಾ ಮಾಡೋದೇನು

ಪಿಚ್ಚರ್‌ದಾಗ ಕತಿ ಏನು, ಯಾರು ಹೆಂಗ ಮಾತಾಡಬೇಕು ಅನ್ನೋದು ಡೈರೆಕ್ಟರ್ ಕೆಲಸ. ಅದು ಪರದೆ ಮ್ಯಾಲ ಹೆಂಗ ಕಾಣಬೇಕು, ಬೆಳಕು ಎಲ್ಲಿಂದ ಬರಬೇಕು, ಎಷ್ಟು ಬರಬೇಕು, ಕ್ಯಾಮೆರಾ ಎಲ್ಲಿ ನಿಲ್ಲಬೇಕು, ನಿಂತಲ್ಲೇ ಇರಬೇಕೋ ಸರೀಬೇಕೋ, ಯಾವ ಲೆನ್ಸ್ ಹಾಕಬೇಕು, ಇವೆಲ್ಲಾ ಡೈರೆಕ್ಟರ್ ಸಂಗಟ ಕುಂತು ಮಾತಾಡಿ ತೀರ್ಮಾನ ಮಾಡಾಂವ ಸಿನಿಮ್ಯಾಟೋಗ್ರಾಫರ್. ಟೈಟಲ್‌ದಾಗ "ಛಾಯಾಗ್ರಹಣ" ಅಂತ ಬರ್ತೈತಲ್ಲ, ಅವ್ರ. ಸೆಟ್‌ನ್ಯಾಗ ಡಿಓಪಿ (ಡೈರೆಕ್ಟರ್ ಆಫ್ ಫೋಟೋಗ್ರಫಿ) ಅಂತಾರ, ಹಳಬರು ಇನ್ನೂ ಕ್ಯಾಮೆರಾಮನ್ ಸರ್ ಅಂತಾರ, ಎರಡೂ ಒಂದ.

ದೊಡ್ಡ ಶೂಟಿಂಗ್‌ನ್ಯಾಗ ಭಾಳ ಸಲ ಇವ್ರು ಕ್ಯಾಮೆರಾ ಮುಟ್ಟಂಗೇ ಇಲ್ಲ, ಅದನ್ನ ನಡಸಾಕ ಬ್ಯಾರೆ ಆಪರೇಟರ್ ಇರ್ತಾನ. ಸಾವಿರ ಮಂದಿ ಲಗ್ನದ ಅಡಗಿ ಹಿಡದ ಭಟ್ರನ್ನ ನೋಡ್ರಿ, ಅವ್ರೇನು ಉಳ್ಳಾಗಡ್ಡಿ ಹೆಚ್ಕೋತ ಕುಂದ್ರಂಗಿಲ್ಲ, ಯಾವ ಒಲಿ ಯಾವಾಗ ಹಚ್ಚಬೇಕು, ಎಲಿ ಹಾಕೋ ಹೊತ್ತಿಗೆ ಯಾವ್ದು ಬಿಸಿ ಇರಬೇಕು, ಇದ್ರ ಮ್ಯಾಲ ಅವ್ರ ಲಕ್ಷ್ಯ, ಸಾರು ಕೆಟ್ರ ಮಾತ್ರ ಬೈಗಳ ಅವ್ರಿಗೇ. ಡಿಓಪಿದೂ ಹಂಗ.

ಒಂದು ಸೀನು ತಗೋಳೋಣು. ಧಾರವಾಡದ ಹಳೇ ಮನಿ, ಸಂಜಿ ಆರು ಗಂಟೆ, ಅವ್ವ ಮಗ ಪಡಸಾಲ್ಯಾಗ ಕುಂತು ಮಾತಾಡ್ತಾರ. ಪರದೆ ಮ್ಯಾಲ ಇದು ಎರಡು ನಿಮಿಷ. ಶೂಟ್ ಮಾಡಾಕ ಮಾತ್ರ ಮುಂಜಾನೆ ಒಂಬತ್ತರಿಂದ ಸಂಜಿ ತನಕ ಬೇಕು, ಯಾಕಂದ್ರ ಮೊದ್ಲು ಇಬ್ಬರೂ ಕಾಣೋ ಶಾಟ್, ಆಮ್ಯಾಲ ಅವ್ವನ ಮಾರಿ ಅಷ್ಟ, ಆಮ್ಯಾಲ ಮಗನ ಮಾರಿ ಅಷ್ಟ, ಆಮ್ಯಾಲ ಕೈಯಾಗಿನ ಚಾದ ಕಪ್ಪು, ಪ್ರತಿ ಸಲ ಕ್ಯಾಮೆರಾ ಸರಸಬೇಕು, ಲೈಟ್ ಸರಸಬೇಕು. ಈ ಹೊತ್ತಿನ್ಯಾಗ ಹೊರಗ ಸೂರ್ಯಾ ಮೂಡಣದಿಂದ ಪಡುವಣಕ್ಕ ಹೋಗಿಬಿಟ್ಟಿರ್ತಾನ. ಆದ್ರ ನೋಡೋರಿಗೆ ಪೂರಾ ಎರಡು ನಿಮಿಷ ಸಂಜಿ ಆರೇ ಅನಸಬೇಕು. ಮುಂಜಾನೆ ತಗದ ಶಾಟು, ಮಧ್ಯಾಹ್ನ ತಗದ ಶಾಟು ಪಕ್ಕದಾಗ ಪಕ್ಕ ಇಟ್ರ ಹೊಂದಬೇಕು. ಇದಕ್ಕ ಕಂಟಿನ್ಯುಟಿ ಅಂತಾರ. ಒಂದು ಚಂದನ ಶಾಟ್ ಈಗಿನ ಫೋನಿನ್ಯಾಗ ಯಾರು ಬೇಕಾದ್ರೂ ತಗೀತಾರ, ನಲವತ್ತು ಶಾಟ್ ಒಂದಕ್ಕೊಂದು ಹೊಂದೋ ಹಂಗ, ಹೇಳಿದ ಟೈಮಿನೊಳಗ ತಗಿಯಾಂವನ ಸಂಪಾದನೆನೇ ಬ್ಯಾರೆ.

ಬೆಳಕಿನ ಪಾಠ, ಲಕ್ಕುಂಡಿಯಿಂದ ಬ್ಯಾಡಗಿ ತನಕ

ಬೆಳಕಿನ್ಯಾಗ ಮೂರು ಸಂಗತಿ ನೋಡ್ತಾರ: ಬಿರುಸೋ ಮೆತ್ತಗೋ, ಯಾವ ಕಡೆಯಿಂದ, ಯಾವ ಬಣ್ಣದ್ದು.

ಏಪ್ರಿಲ್ ತಿಂಗಳದಾಗ ಮಟಮಟ ಮಧ್ಯಾಹ್ನ ಗದಗ ಬಸ್‌ಸ್ಟ್ಯಾಂಡ್ ಮುಂದ ಯಾರನ್ನಾರ ನಿಂದರಿಸಿ ಫೋಟೋ ಹೊಡೀರಿ. ಕಣ್ಣಿನ ಗುಣಿ ಕಪ್ಪ, ಮೂಗಿನ ಕೆಳಗ ಕಪ್ಪ ಪಟ್ಟಿ, ಹಣಿ ಮಾತ್ರ ಫಳಫಳ. ಇದು ಬಿರುಸು ಬೆಳಕು. ಸೂರ್ಯಾ ದೊಡ್ಡಾಂವ ಖರೆ, ಆದ್ರ ಅಷ್ಟು ದೂರದಿಂದ ನಮಗ ಸಣ್ಣ ಬಿಂದುವಿನಂಗ ಕಾಣ್ತಾನ, ಸಣ್ಣ ಜಾಗಾದಿಂದ ಬರೋ ಬೆಳಕಿಗೆ ನೆಳ್ಳಿನ ಅಂಚು ಚೂಪ ಇರ್ತೈತಿ. ಅದ ಮೋಡ ಅಡ್ಡ ಬಂತಂದ್ರ ಇಡೀ ಆಕಾಶನ ಲೈಟ್ ಆಗಿ ಎಲ್ಲಾ ಕಡೆಯಿಂದ ಬೆಳಕು ಬೀಳ್ತೈತಿ, ನೆಳ್ಳು ಕರಗತಾವ, ಇದು ಮೆತ್ತನ ಬೆಳಕು. ಶೂಟಿಂಗ್‌ನ್ಯಾಗ ಹೀರೋಯಿನ್ ತಲಿ ಮ್ಯಾಲ ಚೌಕಟ್ಟಿಗೆ ಕಟ್ಟಿದ ತೆಳ್ಳನ ಬಿಳಿ ಬಟ್ಟಿ ನಾಕು ಮಂದಿ ಹಿಡದಿರ್ತಾರಲ್ಲ, ಅದಕ್ಕ ಸ್ಕಿಮ್ಮರ್ ಅಂತಾರ, ಅದು ಮೋಡದ ಕೆಲಸ ಮಾಡ್ತೈತಿ. ಬಿಳಿ ಥರ್ಮೋಕೋಲ್ ಹಾಳಿ ಹಿಡಿಯೋದು ನೆಳ್ಳಿನ ಕಡೆಗೆ ಸ್ವಲ್ಪ ಬೆಳಕು ತಿರುಗಿಸಿ ಕೊಡಾಕ.

ಈ ಬಟ್ಟಿ ವಿಚಾರದಾಗ ಒಂದು ದೊಡ್ಡ ಕತಿನೇ ಐತಿ. 1956ರಾಗ ಸತ್ಯಜಿತ್ ರಾಯ್ ಅವರ ಅಪರಾಜಿತೋ ಪಿಚ್ಚರ್‌ಗೆ ಕಾಶ್ಯಾಗಿನ ಮನಿ ಅಂಗಳದ ಸೆಟ್ಟು ಸ್ಟುಡಿಯೋದೊಳಗ ಹಾಕಿದ್ರು. ಅಂಥಾ ಅಂಗಳಕ್ಕ ನೆಟ್ಟಗ ಬಿಸಲು ಬೀಳಂಗಿಲ್ಲ, ಮ್ಯಾಲಿನ ಆಕಾಶದ ಬೆಳಕು ಇಳೀತೈತಿ ಅಷ್ಟ. ಸ್ಟುಡಿಯೋ ಲೈಟ್ ಹಾಕಿದ್ರ ಹತ್ತು ನೆಳ್ಳು ಬಿದ್ದು ಸುಳ್ಳಂತ ಗೊತ್ತಾಗ್ತಿತ್ತು. ಕ್ಯಾಮೆರಾಮನ್ ಸುಬ್ರತೋ ಮಿತ್ರ ಏನ್ ಮಾಡಿದ್ರಂದ್ರ ಸೆಟ್ಟಿನ ಮ್ಯಾಲ ಬಿಳಿ ಬಟ್ಟಿ ಬಿಗದು, ಕೆಳಗಿಂದ ಲೈಟನ್ನ ಅದಕ್ಕ ಬಡದು, ತಿರುಗಿ ಬಿದ್ದ ಬೆಳಕಿನ್ಯಾಗ ಶೂಟ್ ಮಾಡಿದ್ರು. ಬೌನ್ಸ್ ಲೈಟ್ ಅಂತ ಈಗ ಎಲ್ಲಾರೂ ಮಾಡ್ತಾರಲ್ಲ, ನಮ್ಮ ದೇಶದಾಗ ಅದರ ಹೆಸರು ಬಂದ್ರ ಮೊದ್ಲು ನೆನಸೋದು ಈ ಕೆಲಸನ. ನಮ್ಮ ಕಡೆ ಹಳೇ ಮಾಳಗಿ ಮನ್ಯಾಗ ಬೆಳಕಿಂಡಿ ಇರ್ತೈತಿ ನೋಡ್ರಿ, ಅದರ ಕೆಳಗ ಮಧ್ಯಾಹ್ನ ನೆಟ್ಟಗ ಬಿಸಲಿನ ಕೋಲು ಬೀಳ್ತೈತಿ, ಉಳದ ಹೊತ್ತು ಮೆತ್ತಗ ಬೆಳಕು ಇಳೀತೈತಿ, ಒಂದ ಕಿಂಡಿ ಎರಡು ತರ.

ಇನ್ನ ದಿಕ್ಕು. ಇದನ್ನ ಕಲಿಯಾಕ ಲಕ್ಕುಂಡಿಕಿಂತ ಛಲೋ ಜಾಗಾ ನಮ್ಮ ಸುತ್ತಮುತ್ತ ಇಲ್ಲ ಅನ್ನೋದು ನನ್ನ ಅಭಿಪ್ರಾಯ. ಕಾಶಿವಿಶ್ವೇಶ್ವರ ಗುಡಿ ಗ್ವಾಡಿ ಮ್ಯಾಲಿನ ಕೆತ್ತನಿ ಎಷ್ಟು ಸೂಕ್ಷ್ಮ ಐತಿ ಅಂದ್ರ ಬೆಳಕು ಎದುರಿನಿಂದ ಬಿದ್ರ ಎಲ್ಲಾ ಚಪ್ಪಟೆ ಆಗಿ ಬರೀ ಬೂದಿ ಬಣ್ಣದ ಕಲ್ಲು ಕಾಣ್ತೈತಿ, ಅದ ಗ್ವಾಡಿಗೆ ಸವರಿಕೊಂಡು ಬಾಜೂದಿಂದ ಬಿತ್ತಂದ್ರ ಒಂದೊಂದು ಉಬ್ಬಿಗೂ ಒಂದೊಂದು ನೆಳ್ಳು ಬಿದ್ದು ಕೆತ್ತನಿ ಎದ್ದು ಬರ್ತೈತಿ. ಮನಷ್ಯಾನ ಮಾರಿನೂ ಹಂಗ ಕೆಲಸ ಮಾಡ್ತೈತಿ. ಎದುರಿನಿಂದ ಬೆಳಕು ಬಿದ್ರ ಸುಕ್ಕು ಮುಚ್ಚತಾವ, ಬಾಜೂದಿಂದ ಬಿದ್ರ ವಯಸ್ಸು, ದಣಿವು, ಸಿಟ್ಟು ಎಲ್ಲಾ ಕಾಣ್ತೈತಿ. ಸೀರಿಯಲ್ ಅತ್ತೆ ಯಾಕ ಅಷ್ಟು ನುಣ್ಣಗ ಕಾಣ್ತಾಳ, ಆರ್ಟ್ ಪಿಚ್ಚರ್ ಮುದುಕ ಯಾಕ ಅಷ್ಟು ಮುದುಕ ಕಾಣ್ತಾನ ಅನ್ನೋದಕ್ಕ ಅರ್ಧ ಉತ್ತರ ಇಲ್ಲೇ ಐತಿ, ಉಳದರ್ಧ ಮೇಕಪ್.

ಬಣ್ಣಕ್ಕ ಬಂದ್ರ, ಬೆಳಕಿಗೆ ಬಣ್ಣ ಐತಿ ಅನ್ನೋದು ನಮ್ಮ ಕಣ್ಣಿಗೆ ಗೊತ್ತಾಗಂಗಿಲ್ಲ, ಮಿದುಳು ಸರಿ ಮಾಡ್ಕೊಂಡುಬಿಡ್ತೈತಿ. ಕ್ಯಾಮೆರಾ ಹಂಗ ಮಾಡಂಗಿಲ್ಲ. ಇದನ್ನ ಕೆಲ್ವಿನ್ ಲೆಕ್ಕದಾಗ ಅಳೀತಾರ, ಸಿನಿಮಾದ ಹಳೇ ಹಳದಿ ಟಂಗ್‌ಸ್ಟನ್ ಲೈಟು 3200, ಹಗಲಿನ ಬೆಳಕು ಅಂದಾಜು 5600. ನಂಬರ್ ಏರಿದಂಗ ನೀಲಿ ಕಡೆ, ಇಳದಂಗ ಕೆಂಪು-ಹಳದಿ ಕಡೆ. ಒಂದ ಖೋಲ್ಯಾಗ ಕಿಡಕಿಯಿಂದ ಹಗಲು, ಮ್ಯಾಲ ಟ್ಯೂಬ್‌ಲೈಟು, ದೇವರ ಜಗಲಿ ಮ್ಯಾಲ ಹಳದಿ ಬಲ್ಬು ಇತ್ತಂದ್ರ ಕ್ಯಾಮೆರಾದಾಗ ಒಂದ ಮಾರಿ ಮ್ಯಾಲ ಮೂರು ಬಣ್ಣ. ಅದಕ್ಕ ಯೂನಿಟ್‌ನವ್ರು ಯಾರದರ ಮನಿಗೆ ಶೂಟಿಂಗ್‌ಗೆ ಬಂದ ಕೂಡ್ಲೆ ಮೊದ್ಲು ಹೇಳೋ ಮಾತು, "ಮನಿ ಲೈಟೆಲ್ಲಾ ಆರ್ಸ್ರಿ".

ಬ್ಯಾಡಗಿ ಮೆಣಸಿನಕಾಯಿ ಮಾರ್ಕೆಟ್ಟಿನ್ಯಾಗ ರೀಲ್ಸ್ ಮಾಡಿದವ್ರಿಗೆ ಇನ್ನೊಂದು ಗೊತ್ತಿರ್ತೈತಿ. ಕಣ್ಣಿಗೆ ಒಂದೊಂದು ಕಾಯಿ, ಅದರ ಸುಕ್ಕು ಎಲ್ಲಾ ಕಾಣ್ತೈತಿ, ವಿಡಿಯೋದಾಗ ಮಾತ್ರ ಕೆಂಪು ಬಣ್ಣ ಬಳದಂಗ ಒಂದ ಮುದ್ದಿ. ಕ್ಯಾಮೆರಾ ಪ್ರತಿ ಬಣ್ಣಾನೂ ಕೆಂಪು, ಹಸರು, ನೀಲಿ ಅಂತ ಮೂರು ಪಾಲು ಮಾಡಿ ಅಳೀತೈತಿ. ಬ್ಯಾಡಗಿ ಕಾಯಿ ರಾಶಿ ಮ್ಯಾಲ ಬಿಸಲು ಬಿದ್ರ ಕೆಂಪಿನ ಪಾಲು ತುಂಬಿ ತುಳಕತೈತಿ, ಉಳದ ಎರಡರಾಗ ಏನೂ ಇರಂಗಿಲ್ಲ, ತುಳುಕಿದ್ದು ಹೋತಂದ್ರ ಹೋತು, ಎಡಿಟಿಂಗ್‌ನ್ಯಾಗ ವಾಪಸ್ ತರಾಕ ಆಗಂಗಿಲ್ಲ. ಅದಕ್ಕ ಡಿಓಪಿ ಮೂರೂ ಬಣ್ಣ ಬ್ಯಾರೆ ಬ್ಯಾರೆ ತೋರಸೋ ಗ್ರಾಫ್ ನೋಡ್ಕೊಂಡು ಬೆಳಕು ಒಂದು ಹಂತ ಇಳಿಸಿ ತಗೀತಾನ. ಶೂಟಿಂಗ್ ಹೊತ್ತಿನ್ಯಾಗ ಮಾನಿಟರ್ ಮ್ಯಾಲ ಚಿತ್ರ ಪೇಲವ ಕಂಡ್ರ ಗಾಬರಿ ಬ್ಯಾಡ, ಕತ್ತಲ್ಯಾಗಿಂದು ಬೆಳಕಿನ್ಯಾಗಿಂದು ಎರಡೂ ಉಳೀಲಿ ಅಂತ ಲಾಗ್ ಅನ್ನೋ ಸೆಟ್ಟಿಂಗ್‌ನ್ಯಾಗ ರೆಕಾರ್ಡ್ ಮಾಡಿರ್ತಾರ. ಬಣ್ಣ ತುಂಬೋದು ಆಮ್ಯಾಲ, ಡಿಐ (ಡಿಜಿಟಲ್ ಇಂಟರ್‌ಮೀಡಿಯೇಟ್) ಅನ್ನೋ ಹಂತದಾಗ, ಬಣ್ಣ ಹೊಂದಸೋ ಕಲರಿಸ್ಟ್ ಪಕ್ಕದಾಗ ಡಿಓಪಿ ಕುಂತು ಮಾಡಸ್ತಾನ.

24, 25, 50: ಕ್ಯಾಮೆರಾದ ಲೆಕ್ಕ

ಸಿನಿಮಾ ಅಂದ್ರ ಸೆಕೆಂಡಿಗೆ 24 ಫೋಟೋ. ಟಿವಿ ನಮ್ಮ ದೇಶದಾಗ 25. ಯಾಕ 25 ಅಂದ್ರ ನಮ್ಮ ಕರೆಂಟು 50 ಹರ್ಟ್ಸ್, ಟಿವಿ ಶುರುವಾದ ಕಾಲಕ್ಕ ಆ ಲೆಕ್ಕಕ್ಕ ಹೊಂದಿಸಿ ಇಟ್ರು. ಒಂದೊಂದು ಫೋಟೋಕ್ಕೂ ಬೆಳಕು ಎಷ್ಟು ಹೊತ್ತು ಒಳಗ ಬಿಡಬೇಕು ಅನ್ನೋದು ಶಟರ್. ರೂಢಿ ಏನಂದ್ರ ಫ್ರೇಮಿನ ಅರ್ಧ ಹೊತ್ತು, ಅಂದ್ರ 24ಕ್ಕ ಸೆಕೆಂಡಿನ 48ನೇ ಒಂದು ಪಾಲು. ಅದಕ್ಕಿಂತ ಭಾಳ ಕಡಿಮಿ ಮಾಡಿದ್ರ ಓಡೋ ಮನಷ್ಯಾ ಜರ್ಕ್ ಹೊಡದಂಗ ಕಾಣ್ತಾನ, ಹೆಚ್ಚು ಮಾಡಿದ್ರ ಮಬ್ಬಾಗ್ತಾನ.

ಮೊಬೈಲ್‌ನ್ಯಾಗ ಅಂಗಡಿ ಒಳಗ ವಿಡಿಯೋ ತಗದಾಗ ಅಡ್ಡ ಕಪ್ಪು ಪಟ್ಟಿ ಸರದಾಡೋದು ನೋಡೀರಿ ಹೌದಿಲ್ಲೋ? 50 ಹರ್ಟ್ಸ್ ಕರೆಂಟಿನ್ಯಾಗ ಟ್ಯೂಬ್‌ಲೈಟು, ಅಗ್ಗದ ಎಲ್‌ಇಡಿ ಸೆಕೆಂಡಿಗೆ 100 ಸಲ ಹೆಚ್ಚುಕಡಿಮಿ ಆಕ್ಕೊಂತ ಉರೀತಾವ, ಕಣ್ಣಿಗೆ ಕಾಣಂಗಿಲ್ಲ, ಕ್ಯಾಮೆರಾಕ್ಕ ಕಾಣ್ತೈತಿ. ಶಟರ್ 50ನೇ ಒಂದು ಇಲ್ಲಾ 100ನೇ ಒಂದು ಪಾಲಿಗೆ ಇಟ್ರ ಪ್ರತಿ ಫ್ರೇಮಿನ್ಯಾಗೂ ಪೂರಾ ಒಂದೋ ಎರಡೋ ಸುತ್ತು ಸಿಕ್ಕು ಪಟ್ಟಿ ಮಾಯ. ಅಮೆರಿಕಾದ ಯೂಟ್ಯೂಬರ್ ಹೇಳ್ಯಾನಂತ 60ನೇ ಒಂದು ಇಟ್ಕೊಂಡು ಕುಂತ್ರ ಆಗಂಗಿಲ್ಲ, ಅಲ್ಲಿ ಕರೆಂಟು 60 ಹರ್ಟ್ಸ್.

ಲೆನ್ಸ್ ಬಗ್ಗೆ ಇಷ್ಟ ಸಾಕು. 24 ಎಂಎಂದಂಥಾ ಅಗಲ ಲೆನ್ಸಿನ್ಯಾಗ ಖೋಲಿ ಪೂರಾ ಬರ್ತೈತಿ, ಹತ್ರ ಹೋದ್ರ ಮೂಗು ದೊಡ್ಡದ ಕಾಣ್ತೈತಿ. 85 ಎಂಎಂನ್ಯಾಗ ಮಾರಿ ಚಂದ, ಹಿಂದಿಂದೆಲ್ಲಾ ಮಬ್ಬು. ಆ ಮಬ್ಬು ಎಲ್ಲಾರಿಗೂ ಇಷ್ಟ, ಆದ್ರ ಅದರ ಖರ್ಚು ಏನಂದ್ರ ಫೋಕಸ್ ಇರೋ ಜಾಗಾ ಬೆರಳಷ್ಟ ಆಗಿಬಿಡ್ತೈತಿ, ನಟ ಒಂಚೂರು ಮುಂದ ಬಾಗಿದ್ರ ಕಣ್ಣು ಹೋಗಿ ಕಿವಿ ಫೋಕಸ್ ಆಗ್ತೈತಿ. ಅದಕ್ಕಂತ ಒಬ್ಬ ಮನಷ್ಯಾನ್ನ ಇಟ್ಟಿರ್ತಾರ, ಅವನ ಸುದ್ದಿ ಈಗ.

ಕೆಳಗಿಂದ ಮ್ಯಾಲಕ್ಕ

ಸಿನಿಮ್ಯಾಟೋಗ್ರಾಫರ್ ಅನ್ನೋದು ಒಂದು ಡಿಪಾರ್ಟ್‌ಮೆಂಟಿನ ತುದಿ. ಕೆಳಗ ಎರಡು ಕವಲು, ಕ್ಯಾಮೆರಾದ್ದು, ಲೈಟಿಂದು.

ಕ್ಯಾಮೆರಾ ಕವಲಿನ್ಯಾಗ ಹೊಸಾಗಿ ಬಂದಾಂವ ಬ್ಯಾಟರಿ ಚಾರ್ಜು, ಲೆನ್ಸ್ ಪೆಟ್ಟಿಗಿ, ಮೆಮೊರಿ ಕಾರ್ಡ್ ಲೆಕ್ಕ, ಕ್ಲ್ಯಾಪ್ ಬೋರ್ಡು ನೋಡ್ಕೋತಾನ. ಕೇಳಾಕ ಹಮಾಲಿ ಕೆಲಸ ಅನಸ್ತೈತಿ, ಆದ್ರ ದಿನಾಪೂರ್ತಿ ತಗದ ಕಾರ್ಡನ್ನ ಕಾಪಿ ಮಾಡೋಕಿಂತ ಮೊದ್ಲು ಅಳಿಸಿದ್ರ ನೂರು ಮಂದಿ ಒಂದು ದಿನದ ದುಡಿಮಿ ಹೋತು. ಅದರ ಮ್ಯಾಲ ಫೋಕಸ್ ಪುಲ್ಲರ್. ನಟ ನಡಕೊಂತ ಬರ್ತಿದ್ರ ಎಷ್ಟು ದೂರ ಅದಾನ ಅನ್ನೋದನ್ನ ಕಣ್ಣಳತಿ ಮ್ಯಾಲ ಹೇಳಬೇಕು, ಕೈ ಅದಕ್ಕ ತಕ್ಕಂಗ ಚಕ್ರ ತಿರುಗಿಸ್ತಿರಬೇಕು, ಮೊದ್ಲೆಲ್ಲಾ ಟೇಪ್ ಹಿಡದು ಅಳದು ನೆಲದ ಮ್ಯಾಲ ಗುರುತು ಹಾಕ್ತಿದ್ರು, ಈಗೂ ಹಾಕ್ತಾರ. ಶಾಟ್ ಛಲೋ ಬಂದ್ರ ಹೊಗಳಿಕಿ ನಟಗ, ಫೋಕಸ್ ಹೋದ್ರ ಎಲ್ಲಾರೂ ತಿರುಗಿ ನೋಡೋದು ಇವನ್ನ. ಇದಾದ ಮ್ಯಾಲ ಆಪರೇಟರ್, ಆಮ್ಯಾಲ ಅಸೋಸಿಯೇಟ್, ಆಮ್ಯಾಲ ಡಿಓಪಿ.

ಲೈಟ್ ಕವಲಿನ್ಯಾಗ ಗ್ಯಾಫರ್ ಇರ್ತಾನ, ಡಿಓಪಿ "ಇಲ್ಲಿ ಸಂಜಿ ಬೆಳಕು ಬೇಕು" ಅಂದ್ರ ಯಾವ ಲೈಟು ಎಲ್ಲಿ, ಎಷ್ಟು ಎತ್ತರದಾಗ ಅನ್ನೋದನ್ನ ಮಾಡಿಸಾಂವ. ಅವನ ಕೈಕೆಳಗ ಲೈಟ್‌ಮನ್‌ಗಳು. ನಮ್ಮ ಇಂಡಸ್ಟ್ರಿದಾಗ ಕ್ಯಾಮೆರಾ, ಲೈಟು ಎಲ್ಲಾ ಬಾಡಿಗಿಗೆ ತರ್ತಾರ, ಅವುಗಳ ಸಂಗಟ ಮಂದಿನೂ ಬರ್ತಾರ. ಹಿಂಗ ಬಾಡಿಗಿ ಕಂಪನಿಯಿಂದ ಬಂದ ಅಟೆಂಡರ್ ಹುಡುಗ್ರು ಯಂತ್ರ ಬಿಚ್ಚಿ ಜೋಡಿಸಿ ಕಲತು ಫೋಕಸ್ ಪುಲ್ಲರ್ ಆಗಿ ಮುಂದ ಹೋದದ್ದು ಭಾಳ ಐತಿ, ಈ ದಾರಿ ಬಗ್ಗೆ ಯಾಕೋ ಯಾರೂ ಮಾತಾಡಂಗಿಲ್ಲ.

ರೀಲ್ ಇದ್ದ ಕಾಲದಾಗ ಈ ಏಣಿ ಇನ್ನೂ ಬಿಗಿ ಇತ್ತು. 35 ಎಂಎಂ ಫಿಲ್ಮಿನ 1000 ಅಡಿ ರೋಲ್ ಓಡ್ತಿದ್ದದ್ದು ಹನ್ನೊಂದು ನಿಮಿಷ, 400 ಅಡಿದು ನಾಕೂವರಿ ನಿಮಿಷ ಅಷ್ಟ, ಲ್ಯಾಬಿನಿಂದ ತೊಳದು ಬರೋ ತನಕ ಏನು ಬಂದೈತಿ ಅಂತ ಯಾರಿಗೂ ಗೊತ್ತಿಲ್ಲ. ಅಂಥಾ ಹೊತ್ತಿನ್ಯಾಗ ಹೊಸಬನ ಕೈಗೆ ಕ್ಯಾಮೆರಾ ಯಾರು ಕೊಡ್ತಾರ? 2010ರ ಸುಮಾರಿಗೆ ಆರಿ ಅಲೆಕ್ಸಾದಂಥಾ ಡಿಜಿಟಲ್ ಕ್ಯಾಮೆರಾ ಬಂದ ಮ್ಯಾಲ ತಗದದ್ದು ಅಲ್ಲೇ ಕಾಣ್ತೈತಿ, ಹುಡುಗ್ರು ಲಗೂ ಲಗೂ ಮ್ಯಾಲ ಏರಾಕತ್ತಾರ.

ಪಿಚ್ಚರ್ ಬ್ಯಾರೆ, ಸೀರಿಯಲ್ ಬ್ಯಾರೆ

ಎರಡೂವರಿ ತಾಸಿನ ಪಿಚ್ಚರ್‌ನ್ನ 60 ದಿನದಾಗ ಮುಗಿಸ್ತಾರ ಅಂತ ಇಟ್ಕೋರಿ, ದಿನಕ್ಕ ಎರಡೂವರಿ ನಿಮಿಷ ಬಂತು. ಡೈಲಿ ಸೀರಿಯಲ್‌ನ್ಯಾಗ ವಾರಕ್ಕ ಐದಾರು ಎಪಿಸೋಡ್ ಹೋಗಬೇಕು, ಜಾಹೀರಾತು ತಗದ್ರ ಒಂದೊಂದು ಇಪ್ಪತ್ತು ನಿಮಿಷದ ಮ್ಯಾಲ, ಅಂದ್ರ ದಿನಕ್ಕ ಹತ್ರತ್ರ ಒಂದು ಎಪಿಸೋಡ್ ಮುಗೀಬೇಕು. ಹಿಂಗಾಗಿ ಅಲ್ಲಿ ಎರಡು-ಮೂರು ಕ್ಯಾಮೆರಾ ಒಮ್ಮಿಗೇ ಓಡ್ತಾವ, ಎಲ್ಲಾ ಕಡೆಯಿಂದ ಮಾರಿ ಛಲೋ ಕಾಣಬೇಕಂದ್ರ ಲೈಟು ಎಲ್ಲಾ ಕಡೆ ಸಮನಾಗಿ ಇರಬೇಕು, ಅದಕ್ಕ ಸೀರಿಯಲ್ ಮನಿ ರಾತ್ರಿ ಹನ್ನೆರಡಕ್ಕೂ ಹಗಲಿನಂಗ ಹೊಳೀತಿರ್ತೈತಿ. ಇದನ್ನ ನೋಡಿ "ಸೀರಿಯಲ್ ಕ್ಯಾಮೆರಾಮನ್‌ಗೆ ಏನೂ ಬರಂಗಿಲ್ಲ" ಅನ್ನೋರು ಅದಾರ. ಒಂದು ದಿನ ಹೋಗಿ ಆ ಸ್ಪೀಡಿನ್ಯಾಗ ಕೆಲಸ ಮಾಡಿ ನೋಡ್ರಿ ಅಂತ ಅಂಥವ್ರಿಗೆ ಹೇಳಬೇಕು.

ಟಿವಿಗೂ ಸಿನಿಮಾದಂಗ ಕೆಲಸ ಆಗಿದ್ದು ಐತಿ. ದೂರದರ್ಶನದಾಗ ಎಂಬತ್ತರ ದಶಕದಾಗ ಬಂದ ಶಂಕರ್‌ನಾಗ್ ಅವರ ಮಾಲ್ಗುಡಿ ಡೇಸ್ ಆಗುಂಬೆದಾಗ ಶೂಟ್ ಆಗಿದ್ದು, ಅದರ ಕ್ಯಾಮೆರಾ ಎಸ್. ರಾಮಚಂದ್ರ ಅವರದು, ಅವ್ರು ಅದಕ್ಕೂ ಮೊದ್ಲು 1977ರ ಘಟಶ್ರಾದ್ಧ ಪಿಚ್ಚರ್‌ಗೆ ಕ್ಯಾಮೆರಾ ಮಾಡಿದವ್ರು. ಈಗ ವೆಬ್ ಸೀರೀಸ್ ಬಂದ ಮ್ಯಾಲ ಈ ಗೆರಿ ಮತ್ತ ಮಸುಕಾಗೈತಿ. ನ್ಯೂಸ್ ಚಾನೆಲ್ ಕ್ಯಾಮೆರಾ ಮಾತ್ರ ಪೂರಾ ಬ್ಯಾರೆ ದಂಧೆ, ಅಲ್ಲಿ ಬೆಳಕು ಮಾಡಾಕ ಟೈಮಿಲ್ಲ, ಸಿಕ್ಕಿದ್ದನ್ನ ಹಿಡೀಬೇಕು, ಆದ್ರ ತಿಂಗಳ ಪಗಾರ ಇರ್ತೈತಿ.

ಮೈಸೂರಿನ ಒಬ್ಬರ ದಾರಿ

ಈ ಕೆಲಸ ಹೆಂಗ ಬೆಳೀತೈತಿ ಅನ್ನೋದಕ್ಕ ವಿ.ಕೆ. ಮೂರ್ತಿ ಅವರಕಿಂತ ಛಲೋ ಉದಾಹರಣೆ ಸಿಗೂದು ಕಷ್ಟ. 1923ರಾಗ ಮೈಸೂರಿನ್ಯಾಗ ಹುಟ್ಟಿದ್ರು, ಪಿಟೀಲು ನುಡಸ್ತಿದ್ರು, ಸ್ವಾತಂತ್ರ್ಯ ಚಳವಳಿದಾಗ ಜೇಲಿಗೂ ಹೋಗಿ ಬಂದಿದ್ರು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನ್ಯಾಗ ಸಿನಿಮ್ಯಾಟೋಗ್ರಫಿ ಡಿಪ್ಲೊಮಾ 1946ರಾಗ ಮುಗಿಸಿ ಮುಂಬೈಗೆ ಹೋದ್ರು. ಹೋದ ಕೂಡ್ಲೆ ಯಾರೂ ಪಿಚ್ಚರ್ ಕೊಡ್ಲಿಲ್ಲ, ವರ್ಷಗಟ್ಲೆ ಅಸಿಸ್ಟೆಂಟ್. 1951ರ ಬಾಜಿ ಪಿಚ್ಚರ್‌ದಾಗೂ ಅಸಿಸ್ಟೆಂಟೇ, ಅಲ್ಲಿ ಒಂದು ತೊಡಕಿನ ಶಾಟನ್ನ ಹಿಂಗ ತಗೀಬಹುದು ಅಂತ ಸೂಚಿಸಿ ತಾವ ಆಪರೇಟ್ ಮಾಡಿ ತೋರಿಸಿದ್ರು. ಡೈರೆಕ್ಟರ್ ಗುರುದತ್ ಅದನ್ನ ನೋಡಿ ಮುಂದಿನ ಪಿಚ್ಚರ್ ಜಾಲ್‌ಗೆ ಇವ್ರನ್ನೇ ಕ್ಯಾಮೆರಾಮನ್ ಮಾಡಿದ್ರು, ಅಲ್ಲಿಂದ ಪ್ಯಾಸಾ, ಕಾಗಜ್ ಕೆ ಫೂಲ್, ಸಾಹಿಬ್ ಬೀಬಿ ಔರ್ ಗುಲಾಮ್.

1959ರ ಕಾಗಜ್ ಕೆ ಫೂಲ್ ನಮ್ಮ ದೇಶದ ಮೊದಲ ಸಿನಿಮಾಸ್ಕೋಪ್ (ಅಗಲ ಪರದೆ) ಪಿಚ್ಚರ್. ಅದ್ರಾಗ ಖಾಲಿ ಸ್ಟುಡಿಯೋದೊಳಗ ಮ್ಯಾಲಿಂದ ಬೆಳಕಿನ ದಪ್ಪ ಕಂಬ ಇಳಿಯೋ ಶಾಟ್ ಐತಿ. ಸ್ಟುಡಿಯೋ ಲೈಟಿನ ಕಿರಣ ಮುಂದ ಹೋದಂಗ ಅಗಲ ಆಗ್ತೈತಿ, ಬಿಸಲಿನ ಕಿರಣ ಹಂಗ ಅಗಲ ಆಗದ ನೆಟ್ಟಗ ಬರ್ತೈತಿ. ಮೂರ್ತಿ ಅವ್ರು ಹೊರಗ ಒಂದು ದೊಡ್ಡ ಕನ್ನಡಿ ಇಟ್ಟು ಬಿಸಲು ಹಿಡದು, ಒಳಗ ಮ್ಯಾಲ ಇಟ್ಟ ಇನ್ನೊಂದು ಕನ್ನಡಿಗೆ ಬಡಿಸಿ, ಅಲ್ಲಿಂದ ಕೆಳಗ ಇಳಿಸಿದ್ರು. ಖರ್ಚು ಎರಡು ಕನ್ನಡಿ. ಮುಂದ ಟಿವಿಗೂ ಬಂದ್ರು, ತಮಸ್, ಭಾರತ್ ಏಕ್ ಖೋಜ್‌ದಾಗ ಅವರ ಕೆಲಸ ಐತಿ, ಕನ್ನಡದಾಗ ಹೂವು ಹಣ್ಣು ಪಿಚ್ಚರ್ ಮಾಡಿದ್ರು. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಇವ್ರಿಗೆ ಬಂತು, ಕ್ಯಾಮೆರಾಮನ್ ಒಬ್ಬರಿಗೆ ಅದು ಸಿಕ್ಕಿದ್ದು ಅದ ಮೊದಲು.

ಒಳಗ ಹೋಗೋದು ಹೆಂಗ

ಪುಣೆದಾಗ ಎಫ್‌ಟಿಐಐ ಅನ್ನೋ ಸಿನಿಮಾ-ಟಿವಿ ಶಾಲಿ, ಕೋಲ್ಕತ್ತಾದಾಗ ಸತ್ಯಜಿತ್ ರಾಯ್ ಹೆಸರಿನ ಸಂಸ್ಥೆ, ಎರಡೂ ಕೇಂದ್ರ ಸರ್ಕಾರದ್ದು. ಸಿನಿಮ್ಯಾಟೋಗ್ರಫಿ ಕೋರ್ಸ್ ಮೂರು ವರ್ಷ, ಯಾವ್ದಾರ ಡಿಗ್ರಿ ಆಗಿರಬೇಕು, ಎಂಟ್ರನ್ಸ್ ಬರೀಬೇಕು, ಸೀಟು ಕೈಬೆರಳಿನ ಲೆಕ್ಕದಾಗ. ಹಂಗಾಗಿ ಪಿಯುಸಿ ಮುಗಿಸಿದ ಮಗ "ಈಗಿಂದೀಗ ಪುಣೆಗೆ" ಅಂದ್ರ ಆಗಂಗಿಲ್ಲ, ಡಿಗ್ರಿ ಮೊದ್ಲು ಮುಗೀಲಿ ಅನ್ನಾಕ ಅಪ್ಪಗ ಒಂದು ಕಾರಣ ಸಿಕ್ತು. ನಮ್ಮ ರಾಜ್ಯದಾಗ ಬೆಂಗಳೂರಿನ ಹೆಸರಘಟ್ಟದಾಗ ಸರ್ಕಾರಿ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆ ಐತಿ, ಡಿಪ್ಲೊಮಾ ಕೊಡ್ತಾರ, ಮೂರ್ತಿ ಅವ್ರು ಓದಿದ ಆ ಹಳೇ ಕೋರ್ಸಿನ ಮುಂದುವರಿಕಿ ಇದು.

ಎರಡನೇ ದಾರಿ ಇಂಥಾ ಸಿನಿಮಾ ಶಾಲಿಗೆ ಹೋಗದ ಸೀದಾ ಅಸಿಸ್ಟೆಂಟ್ ಆಗೋದು. ಇದಕ್ಕ ಬೆಂಗಳೂರಿನ್ಯಾಗ ಇರಬೇಕು, ಇಲ್ಲೇ ಮನ್ಯಾಗ ಕುಂತ್ರ ಕರೆ ಬರಂಗಿಲ್ಲ, ಯಾಕಂದ್ರ "ನಾಳೆ ಮುಂಜಾನೆ ಐದಕ್ಕ ಬಾ" ಅಂತ ರಾತ್ರಿ ಹತ್ತಕ್ಕ ಫೋನ್ ಬರ್ತೈತಿ. ಮೂರನೇದು ಫೋಟೋದಿಂದ ಬರೋದು, ಲಗ್ನದ ಸ್ಟುಡಿಯೋದಾಗ ಕೆಲಸ ಮಾಡ್ಕೊಂತ ಶಾರ್ಟ್ ಫಿಲ್ಮ್ ಮಾಡೋದು. ಲಗ್ನದ ಕೆಲಸನ ಕೀಳಾಗಿ ನೋಡಬ್ಯಾಡ್ರಿ, ತಾಳಿ ಕಟ್ಟೋದಕ್ಕ ಎರಡನೇ ಟೇಕ್ ಇಲ್ಲ, ಅಲ್ಲಿ ಲಗೂ ನಿರ್ಧಾರ ಮಾಡಾಕ ಕಲ್ತಾಂವ ಎಲ್ಲೇ ಹೋದ್ರೂ ಬದಕತಾನ. ಆದ್ರ ಅಲ್ಲಿ ಕಲೀದ ಉಳಿಯೋದು ಅಂದ್ರ ಕಂಟಿನ್ಯುಟಿ ಮತ್ತ ಮಂದಿಯಿಂದ ಕೆಲಸ ತಗಿಸೋದು, ಅದಕ್ಕ ಸೆಟ್ಟಿಗೇ ಹೋಗಬೇಕು.

ಹುಡಿಗ್ಯಾರಿಗೆ ಆಗತೈತೇನು ಅಂತ ಕೇಳೋರಿಗೆ: ಕಿತ್ತೂರು ಚೆನ್ನಮ್ಮ ಪಿಚ್ಚರ್ ಮಾಡಿದ ಬಿ.ಆರ್. ಪಂತುಲು ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ ಎಂಬತ್ತರ ದಶಕದಾಗನ ತಮಿಳಿನ್ಯಾಗ ಕ್ಯಾಮೆರಾ ಮಾಡಿದವ್ರು, ಆಗಿನ ಕ್ಯಾಮೆರಾ ಈಗಿನಕಿಂತ ಭಾಳ ವಜ್ಜಿ.

ಮನ್ಯಾಗಿಂದ ಶುರು ಮಾಡೋದಾದ್ರ

ಸಾಲ ಮಾಡಿ ಕ್ಯಾಮೆರಾ ತಗೊಳ್ಳಾಕ ಹೋಗಬ್ಯಾಡ್ರಿ, ಎರಡು ವರ್ಷಕ್ಕ ಹಳೇದಾಗ್ತೈತಿ, ಮತ್ತ ದೊಡ್ಡ ಕೆಲಸಕ್ಕ ಯಾರೂ ನಿಮ್ಮ ಕ್ಯಾಮೆರಾ ಕೇಳಂಗಿಲ್ಲ, ಬಾಡಿಗಿಗೆ ತರ್ತಾರ. ಇರೋ ಫೋನಿನ್ಯಾಗ ಶಟರ್, ವೈಟ್ ಬ್ಯಾಲೆನ್ಸ್ (ಬೆಳಕಿನ ಬಣ್ಣದ ಲೆಕ್ಕ), ಎಕ್ಸ್‌ಪೋಷರ್ (ಒಳಗ ಬರೋ ಬೆಳಕಿನ ಲೆಕ್ಕ) ಕೈಯಿಂದ ಲಾಕ್ ಮಾಡೋ ಆ್ಯಪ್ ಹಾಕ್ರಿ. ಅಜ್ಜಿನ್ನ ಒಂದು ಕಿಡಕಿ ಬಾಜೂ ಕುಂಡ್ರಿಸ್ರಿ, ಆಟೋ ಎಲ್ಲಾ ಬಂದ್ ಮಾಡಿ ಮುಂಜಾನೆ, ಮಧ್ಯಾಹ್ನ, ಸಂಜಿಕ ಒಂದೊಂದು ನಿಮಿಷ ತಗೀರಿ, ಆಮ್ಯಾಲ ಬಿಳಿ ಧೋತ್ರ ಕಿಡಕಿಗೆ ಕಟ್ಟಿ, ಥರ್ಮೋಕೋಲ್ ಹಾಳಿ ಹಿಡದು, ಮಧ್ಯಾಹ್ನದ್ದು ಸಂಜಿಯಂಗ ಕಾಣಂಗ ಮಾಡಾಕ ಆಗತೈತೇನು ನೋಡ್ರಿ. ಅಜ್ಜಿ ಎದ್ದು ಹೋಗೋ ತನಕ ಟೈಮ್ ಐತಿ, ಅದ ನಿಮ್ಮ ಕಾಲ್‌ಶೀಟು.

ಹೊರಗ ಹೋಗೋ ಮೊದ್ಲು ಎರಡು ಮಾತು. ಲಕ್ಕುಂಡಿ, ಡಂಬಳದ ದೊಡ್ಡಬಸಪ್ಪ ಗುಡಿಯಂಥಾವು ಪುರಾತತ್ವ ಇಲಾಖೆ ಕೈಯಾಗ ಅದಾವ, ಟ್ರೈಪಾಡು ಲೈಟು ಇಟ್ಟು ಶೂಟಿಂಗ್ ಮಾಡಬೇಕಂದ್ರ ಮೊದ್ಲ ಪರವಾನಿಗಿ ತಗೋಬೇಕು. ಡ್ರೋನ್ ವಿಷಯದಾಗ 2021ರ ನಿಯಮ ಐತಿ, 250 ಗ್ರಾಂ ಮೀರಿದ್ದನ್ನ ರೊಕ್ಕದ ಕೆಲಸಕ್ಕ ಹಾರಸಾಕ ಡ್ರೋನಿಗೆ ನೋಂದಣಿ ನಂಬರೂ ಬೇಕು, ಹಾರಸಾಂವಗ ಪೈಲಟ್ ಸರ್ಟಿಫಿಕೇಟೂ ಬೇಕು. ಹುಬ್ಬಳ್ಳ್ಯಾಗ ಗೋಕುಲ ರೋಡ್ ಕಡೆ ಅಂತೂ ಏರ್‌ಪೋರ್ಟ್ ಐತಿ, ಎಲ್ಲಿ ಹಾರಸಬಹುದು ಅಂತ ತೋರಸೋ ಸರ್ಕಾರದ ಡಿಜಿಟಲ್ ಸ್ಕೈ ಮ್ಯಾಪಿನ್ಯಾಗ ಆ ಜಾಗಾ ಕೆಂಪೋ, ಹಳದಿನೋ, ಹಸರೋ ನೋಡಿನೇ ಎಬ್ಬಸ್ರಿ.

ರೊಕ್ಕದ ಮಾತು

ಅಪ್ಪ ಮೊದ್ಲಿಂದ ಕಾಯ್ಕೊಂತ ಕುಂತಿದ್ದು ಇದಕ್ಕ. ನ್ಯೂಸ್ ಚಾನೆಲ್ ಬಿಟ್ರ ಇದು ಪಗಾರದ ಕೆಲಸ ಅಲ್ಲ. ಪಿಚ್ಚರ್‌ಗೆ ಡಿಓಪಿ ಪೂರಾ ಕೆಲಸಕ್ಕ ಒಂದು ಮೊತ್ತ ಮಾತಾಡ್ಕೋತಾನ, ಅಡ್ವಾನ್ಸ್ ಸ್ವಲ್ಪ, ಶೂಟಿಂಗ್ ನಡುವ ಸ್ವಲ್ಪ, ಉಳದದ್ದು ಡಿಐ ಮುಗದ ಮ್ಯಾಲ, ಆ ಕೊನೇ ಕಂತು ಎಲ್ಲಾ ಕಡೆ ಟೈಮಿಗೆ ಬರ್ತೈತಿ ಅಂತಿಲ್ಲ. ಜಾಹೀರಾತಿಗೆ ದಿನದ ಲೆಕ್ಕ, ರೇಟು ಛಲೋ, ದಿನ ಕಡಿಮಿ. ಸೀರಿಯಲ್‌ಗೆ ದಿನದ್ದು ಇಲ್ಲಾ ತಿಂಗಳದ್ದು, ರೇಟು ಕಡಿಮಿ ಆದ್ರೂ ವರ್ಷಗಟ್ಲೆ ನಡೀತೈತಿ, ಅದಕ್ಕ ಸಂಸಾರ ಇರೋ ಭಾಳ ಮಂದಿ ಅಲ್ಲಿ ಅದಾರ. ಅಸಿಸ್ಟೆಂಟ್‌ಗೆ ದಿನಗೂಲಿ ಜೋಡಿ ಬಾಟಾ, ಅಂದ್ರ ಊಟ-ಓಡಾಟದ ದಿನದ ಖರ್ಚು. ಮಳಿಗಾಲದಾಗ ಔಟ್‌ಡೋರ್ ಶೂಟಿಂಗ್ ಕಡಿಮಿ ಆಗ್ತಾವ, ಒಂದು ಪಿಚ್ಚರ್ ನಿಂತ್ರ ಮುಂದಿಂದು ಬರೋ ತನಕ ಕೈ ಖಾಲಿ. ಹಂಗಾಗಿ ಬೆಂಗಳೂರಿಗೆ ಹೋಗಾಂವ ಖೋಲಿ ಬಾಡಿಗಿ, ಊಟ ಸೇರಿಸಿ ಕೆಲವು ತಿಂಗಳದ ಖರ್ಚು ಕೈಯಾಗ ಇಟ್ಕೊಂಡ ಹೋಗಬೇಕು, ಲಗ್ನದ ಸೀಸನ್ನಿನ್ಯಾಗ ಊರಿಗೆ ಬಂದು ನಾಕು ಕೆಲಸ ಮಾಡ್ಕೊಂಡು ಹೋಗೋ ಹುಡುಗ್ರೂ ಅದಾರ, ಅದೇನು ನಾಚಿಕಿ ಮಾತಲ್ಲ.

ಮೊದಲ ಸಲ ಅಸಿಸ್ಟೆಂಟ್ ಅಂತ ಯಾರಾರ ಕರದ್ರ ಖುಷಿದಾಗ "ಬರ್ತೀನ್ರಿ ಸರ್" ಅನ್ನೋ ಮೊದ್ಲು ಕೇಳಬೇಕಾದ್ದು: ಎಷ್ಟು ದಿನದ ಕೆಲಸ, ದಿನಕ್ಕ ಎಷ್ಟು ತಾಸು, ಬಾಟಾ ದಿನಾ ಕೊಡ್ತಾರೋ ವಾರಕ್ಕೊಮ್ಮಿನೋ, ಔಟ್‌ಡೋರ್ ಇದ್ರ ಉಳಿಯೋ ವ್ಯವಸ್ಥಾ ಯಾರದು, ಲೆನ್ಸ್ ಕೈತಪ್ಪಿ ಬಿದ್ರ ಇನ್ಶೂರೆನ್ಸ್ ಐತೋ ಇಲ್ಲೋ, ಟೈಟಲ್‌ದಾಗ ಹೆಸರು ಬರ್ತೈತೋ ಇಲ್ಲೋ. ಬಾಯಿಮಾತಿನ್ಯಾಗ ಬಿಡಬ್ಯಾಡ್ರಿ, "ಸರ್, ನೀವು ಹೇಳಿದ್ದು ಹಿಂಗ, ಹೌದಲ್ರಿ?" ಅಂತ ವಾಟ್ಸಾಪಿನ್ಯಾಗ ನೀವ ಒಂದು ಮೆಸೇಜ್ ಬರದು ಹಾಕಿ, ಅತ್ತಾಗಿಂದ ಹೂಂ ಅಂತ ಬಂದ ಮ್ಯಾಲ ಹುಬ್ಬಳ್ಳಿಯಿಂದ ರಾತ್ರಿ ಗಾಡಿ ಹತ್ರಿ.